ಬೇಲ್ ಸಿಕ್ಕರೆ ಕೇಸು ಸೋತ ಹಾಗಾ?

ಈ ಸಲ ಬಂದ ಪತ್ರಗಳಲ್ಲಿ ಆರು ಪತ್ರ ಜಾಮೀನಿನ ಬಗ್ಗೆಯೇ ಇದ್ದವು. ಅತ್ಯಾಚಾರದ ಕೇಸಿನಲ್ಲಿ, ಪೋಕ್ಸೊ (ಮಕ್ಕಳ ಮೇಲಿನ ಲೈಂಗಿಕ ಅಪರಾಧ ತಡೆಯುವ ಕಾಯ್ದೆ) ಕೇಸಿನಲ್ಲಿ ಕೋರ್ಟು ಏನು ನೋಡಿ ಬೇಲ್ ಕೊಡುತ್ತದೆ, ಏನು ನೋಡಿ ಕೊಡೋದಿಲ್ಲ ಅಂತ. ಹಾಗಾಗಿ ಈ ಸಲದ ಅಂಕಣ ಪೂರ್ತಿ ಅದಕ್ಕೇ ಇಟ್ಟಿದ್ದೇನೆ. ಬರೆದವರ ಹೆಸರು, ಊರು, ಇನಿಷಿಯಲ್ ಯಾವುದನ್ನೂ ಹಾಕಿಲ್ಲ. ಕೆಲವು ವಿವರಗಳನ್ನು ಬೇಕೆಂದೇ ಬದಲಿಸಿದ್ದೇನೆ. ನೊಂದವಳ ಗುರುತು ಸಿಗುವ ಹಾಗೆ ಅಚ್ಚು ಹಾಕುವುದು ಭಾರತೀಯ ನ್ಯಾಯ ಸಂಹಿತೆಯ (ಹಳೆಯ ಐಪಿಸಿಯ ಬದಲು ಬಂದದ್ದು) 72ನೇ ಕಲಂ ಪ್ರಕಾರ ಅಪರಾಧ. ಮಗುವಾದರೆ ಪೋಕ್ಸೊ ಕಾಯ್ದೆಯ 23ನೇ ಕಲಂ ಕೂಡ ಇದೆ. ನೀವೂ ಅಷ್ಟೇ, ವಾಟ್ಸ್ಆ್ಯಪ್ ಗ್ರೂಪಿನಲ್ಲಿ ಯಾರ ಹೆಸರನ್ನೂ ಹಾಕಬೇಡಿ.

ಪ್ರಶ್ನೆ: ಮೇಡಂ, ನನ್ನ ತಂಗಿಯ ಮಗಳಿಗೆ 14 ವರ್ಷ. ತಂಗಿಯ ಗಂಡ ತೀರಿಕೊಂಡಿದ್ದಾನೆ, ಎಲ್ಲಾ ಕಡೆ ನಾನೇ ಓಡಾಡುತ್ತಿದ್ದೇನೆ. ಹುಡುಗಿಯ ಮೇಲೆ ಅತ್ಯಾಚಾರ ಮಾಡಿದ ಎದುರು ಮನೆಯವನು ಈಗ ಜೈಲಿನಲ್ಲಿದ್ದಾನೆ. ಮೊನ್ನೆ ಪೊಲೀಸಿನವರು ಒಂದು ನೋಟಿಸ್ ತಂದು ತಂಗಿಯ ಕೈಲಿ ಸಹಿ ಹಾಕಿಸಿಕೊಂಡು ಹೋದರು. ಅವನು ಬೇಲ್ ಅರ್ಜಿ ಹಾಕಿದ್ದಾನಂತೆ, ನಾವು ಕೋರ್ಟಿಗೆ ಬರಬೇಕಂತೆ. ನಮ್ಮ ಕಡೆ ಸರ್ಕಾರಿ ವಕೀಲರು ಇದ್ದಾರಲ್ಲ, ನಾವು ಯಾಕೆ ಹೋಗಬೇಕು? ಮಗೂನೂ ಕರೆದುಕೊಂಡು ಹೋಗಬೇಕಾ? ಅವನ ಮುಖ ನೋಡಿದರೆ ಅವಳು ಮತ್ತೆ ಊಟ ಬಿಡುತ್ತಾಳೆ.

ಉತ್ತರ: ಹೋಗಿ ತಾಯಿ. ದಯವಿಟ್ಟು ಹೋಗಿ. ಮಗುವನ್ನು ಮಾತ್ರ ಕರೆದುಕೊಂಡು ಹೋಗಬೇಡಿ.

ಆ ನೋಟಿಸ್ ಶಾಸ್ತ್ರಕ್ಕೆ ಕೊಟ್ಟಿದ್ದಲ್ಲ. 16 ವರ್ಷದೊಳಗಿನ ಹುಡುಗಿಯ ಮೇಲಿನ ಅತ್ಯಾಚಾರ ನ್ಯಾಯ ಸಂಹಿತೆಯ 65ನೇ ಕಲಂಗೆ ಬರುತ್ತದೆ. ಕನಿಷ್ಠ ಶಿಕ್ಷೆಯೇ 20 ವರ್ಷ. ಇಂಥ ಕೇಸಿನಲ್ಲಿ ಸೆಷನ್ಸ್ ಕೋರ್ಟಾಗಲಿ ಹೈಕೋರ್ಟಾಗಲಿ ಬೇಲ್ ಅರ್ಜಿ ಕೇಳುವಾಗ ದೂರು ಕೊಟ್ಟವರು, ಇಲ್ಲವೇ ಅವರು ಒಪ್ಪಿ ಕಳಿಸಿದವರು ಅಲ್ಲಿ ಇರಲೇಬೇಕು ಅಂತ ಕಾನೂನೇ ಹೇಳುತ್ತದೆ. ನಾಗರಿಕ ಸುರಕ್ಷಾ ಸಂಹಿತೆಯ (ಹಳೆಯ ಸಿಆರ್‌ಪಿಸಿಯ ಬದಲು ಬಂದದ್ದು) 483ನೇ ಕಲಂ ಅದು. ದೂರು ಕೊಟ್ಟವರು ನಿಮ್ಮ ತಂಗಿ ತಾನೇ? ಅವರು ಹೋದರೆ ಸಾಕು. ಅವರಿಗೆ ಆಗದಿದ್ದರೆ ಒಂದು ಹಾಳೆಯಲ್ಲಿ ನಿಮ್ಮ ಹೆಸರಿಗೆ ಒಪ್ಪಿಗೆ ಬರೆದುಕೊಡಲಿ, ನೀವು ಹೋಗಿ. ವಕೀಲರನ್ನೂ ಕಳಿಸಬಹುದು. ಹುಡುಗಿ ಶಾಲೆಗೆ ಹೋಗಲಿ, ಇಲ್ಲವೇ ಮನೆಯಲ್ಲಿರಲಿ. ಅವಳು ಸಾಕ್ಷಿ ಹೇಳುವ ದಿನ ಬೇರೆ ಬರುತ್ತದೆ. ಆ ದಿನವೂ ಆರೋಪಿ ಅವಳಿಗೆ ಕಾಣದ ಹಾಗೆ ಏರ್ಪಾಟು ಮಾಡುವುದು ಕೋರ್ಟಿನ ಕರ್ತವ್ಯ.

ಸರ್ಕಾರಿ ವಕೀಲರು ಇದ್ದಾರಲ್ಲ ಅಂದಿರಿ. ಇದ್ದಾರೆ, ಲಿಖಿತವಾಗಿ ಆಕ್ಷೇಪಣೆಯನ್ನೂ ಹಾಕುತ್ತಾರೆ. ಆದರೆ ಅವರ ಕೈಯಲ್ಲಿರೋದು ಪೊಲೀಸ್ ಫೈಲು. ಹೋದ ವಾರ ನಿಮ್ಮ ಬೀದಿಯಲ್ಲಿ ಏನಾಯಿತು ಅನ್ನೋದು ಆ ಫೈಲಿನಲ್ಲಿ ಇರೋದಿಲ್ಲ.

ಕೆಲವು ವರ್ಷದ ಹಿಂದೆ ಒಬ್ಬ ತಾಯಿಯನ್ನು ಕೋರ್ಟಿನಲ್ಲಿ ನೋಡಿದೆ. ಅವರು ನನ್ನ ಕಕ್ಷಿದಾರರಲ್ಲ, ನಾನು ಬೇರೆ ಕೇಸಿಗೆ ಹೋಗಿದ್ದೆ. ಕೊನೆಯ ಬೆಂಚಿನ ತುದಿಯಲ್ಲಿ ಕೂತಿದ್ದರು. ತೊಡೆಯ ಮೇಲೆ ಒಂದು ಪ್ಲಾಸ್ಟಿಕ್ ಕವರು. ಅದರೊಳಗೆ ನಾಲ್ಕು ಮಡಿಕೆ ಮಾಡಿದ ನೋಟಿಸ್, ಆಧಾರ್ ಕಾರ್ಡು, ಮಗಳ ಮಾರ್ಕ್ಸ್ ಕಾರ್ಡು. ಮಾರ್ಕ್ಸ್ ಕಾರ್ಡು ಯಾಕಮ್ಮ ಅಂದೆ. "ನನ್ನ ಮಗಳು ಒಳ್ಳೇ ಹುಡುಗಿ ಅಂತ ತೋರಿಸೋಕೆ" ಅಂದರು. ಬೆಳಗ್ಗೆ ಹತ್ತೂವರೆಗೆ ಬಂದವರು. ಕೇಸು ಕರೆದಾಗ ಮೂರು ಗಂಟೆ ದಾಟಿತ್ತು. ನ್ಯಾಯಾಧೀಶರು ಬೇರೆಯವರನ್ನೆಲ್ಲ ಹೊರಗೆ ಕಳಿಸಿದರು. ಆಕೆ ನನ್ನ ಕೋಟಿನ ತೋಳು ಹಿಡಿದುಕೊಂಡು, ಜೊತೆಗೆ ನಿಂತುಕೊಳ್ಳಿ ಅಮ್ಮ ಅಂದರು. ಅನುಮತಿ ಕೇಳಿ ನಿಂತೆ.

ಆರೋಪಿಯ ಕಡೆಯ ವಕೀಲರು ಚೆನ್ನಾಗಿಯೇ ವಾದ ಮಾಡಿದರು. ಖಾಯಂ ವಿಳಾಸ ಇದೆ, ಹಿಂದೆ ಕೇಸಿಲ್ಲ, ಓಡಿಹೋಗೋದಿಲ್ಲ ಅಂತ. ಸರ್ಕಾರಿ ವಕೀಲರು ಗಂಭೀರ ಆರೋಪ ಅಂತ ಆಕ್ಷೇಪಿಸಿದರು. ಆಮೇಲೆ ನ್ಯಾಯಾಧೀಶರು ಆ ತಾಯಿಯ ಕಡೆ ತಿರುಗಿ, "ಏನಮ್ಮ, ನೀವು ಹೇಳೋದೇನಾದರೂ ಇದೆಯಾ?" ಅಂದರು. ಆಕೆ ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ಹೇಳಿದರು: "ಸ್ವಾಮಿ, ನೀರಿನ ನಲ್ಲಿ ಇರೋದು ಅವರ ಮನೆ ಮುಂದೆ. ಬೀದಿಗೆ ಒಂದೇ ನಲ್ಲಿ. ಅವನು ಬಂದರೆ ನನ್ನ ಮಗಳು ಕೊಡ ಹಿಡ್ಕೊಂಡು ಅವನ ಮುಂದೇನೇ ನಿಲ್ಲಬೇಕು. ಅವರಣ್ಣ ಭಾನುವಾರ ಬಂದು, ಕೇಸು ವಾಪಸ್ ತಗೊಳ್ಳದಿದ್ದರೆ ಊರಲ್ಲಿ ಹೇಗೆ ಬಾಳ್ತೀಯ ನೋಡ್ತೀನಿ ಅಂದ."

ನ್ಯಾಯಾಧೀಶರ ಪೆನ್ನು ನಿಂತಿತು. ಯಾವ ಭಾನುವಾರ, ಅಲ್ಲಿ ಯಾರಿದ್ದರು, ಠಾಣೆಗೆ ಹೇಳಿದಿರಾ ಅಂತ ಕೇಳಿ ಬರೆದುಕೊಂಡರು. ಅರ್ಜಿ ವಜಾ ಆಯಿತು. ಆದೇಶದಲ್ಲಿ ನಲ್ಲಿಯ ಮಾತೂ ಇತ್ತು, ಅಣ್ಣ ಬಂದ ಮಾತೂ ಇತ್ತು. ಎರಡೂ ಚಾರ್ಜ್‌ಶೀಟಿನಲ್ಲಿ ಇರಲಿಲ್ಲ.

ಇದನ್ನು ಯಾಕೆ ಇಷ್ಟು ಹೇಳಿದೆ ಅಂದರೆ, ಬೇಲ್ ವಿಚಾರಣೆಯಲ್ಲಿ ಕೋರ್ಟು "ಇವನು ತಪ್ಪು ಮಾಡಿದ್ದಾನಾ" ಅಂತ ತೀರ್ಮಾನ ಮಾಡೋದಿಲ್ಲ. ಆರೋಪಕ್ಕೆ ಮೇಲ್ನೋಟಕ್ಕೆ ಆಧಾರ ಇದೆಯಾ, ಆರೋಪ ಎಷ್ಟು ಗಂಭೀರ, ಶಿಕ್ಷೆ ಎಷ್ಟು ದೊಡ್ಡದು ಅನ್ನೋದನ್ನು ನೋಡುತ್ತದೆ. ಅದರ ಜೊತೆಗೇ ಮುಂದಿನ ದಿನಗಳನ್ನು ನೋಡುತ್ತದೆ. ಹೊರಗೆ ಬಿಟ್ಟರೆ ಇವನು ಓಡಿಹೋಗುತ್ತಾನಾ? ಸಾಕ್ಷಿಗಳನ್ನು ಹೆದರಿಸುತ್ತಾನಾ? ಮತ್ತೆ ಇಂಥದ್ದೇ ಮಾಡುತ್ತಾನಾ? ಇವನ ಹಣ, ಹೆಸರು, ನೆಂಟಸ್ತಿಕೆ ಎಷ್ಟು ದೂರ ಚಾಚುತ್ತದೆ? ಇವನ್ನೆಲ್ಲ ತೂಗಿ ನೋಡಬೇಕು ಅಂತ ಸುಪ್ರೀಂ ಕೋರ್ಟು 2010ರಲ್ಲಿ ಪ್ರಶಾಂತ ಕುಮಾರ್ ಸರ್ಕಾರ್ ಪ್ರಕರಣದಲ್ಲಿ ಒಟ್ಟಿಗೆ ಹೇಳಿದೆ. ಇವತ್ತಿಗೂ ಬೇಲ್ ಆದೇಶಗಳಲ್ಲಿ ಆ ಪಟ್ಟಿ ಮತ್ತೆ ಮತ್ತೆ ಬರುತ್ತದೆ. ಅದರಲ್ಲಿ ಸಾಕ್ಷಿ ಹೆದರಿಸುವ ಪ್ರಶ್ನೆಗೆ ನಿಮ್ಮಷ್ಟು ಚೆನ್ನಾಗಿ ಉತ್ತರ ಹೇಳುವವರು ಬೇರೆ ಯಾರಿದ್ದಾರೆ?

ಆದ್ದರಿಂದ ಹೋಗುವ ಮೊದಲು ಒಂದು ಹಾಳೆ ತೆಗೆದುಕೊಂಡು ಕೂತುಕೊಳ್ಳಿ. ಅವನ ಮನೆಗೂ ನಿಮ್ಮ ಮನೆಗೂ ಎಷ್ಟು ಹೆಜ್ಜೆ. ಹುಡುಗಿ ಶಾಲೆಗೆ ಹೋಗುವ ದಾರಿ ಯಾವುದು. ಅರೆಸ್ಟ್ ಆದ ಮೇಲೆ ಅವನ ಕಡೆಯಿಂದ ಯಾರು, ಯಾವತ್ತು, ಏನು ಹೇಳಿ ಹೋದರು. ಫೋನ್ ಬಂದಿದ್ದರೆ ಯಾವ ನಂಬರಿನಿಂದ. ಸರಳವಾಗಿ ಬರೆದು ಒಂದು ಪ್ರತಿ ಸರ್ಕಾರಿ ವಕೀಲರಿಗೆ, ಒಂದು ತನಿಖಾಧಿಕಾರಿಗೆ ಕೊಡಿ. ವಿಚಾರಣೆಯ ಹಿಂದಿನ ದಿನವೇ ಕೊಟ್ಟರೆ ಇನ್ನೂ ಒಳ್ಳೇದು. ಬೆದರಿಕೆ ಬಂದಿದ್ದರೆ ಅದಕ್ಕೆ ಬೇರೆಯಾಗಿಯೇ ದೂರು ಕೊಟ್ಟು ಸ್ವೀಕೃತಿ ತೆಗೆದುಕೊಳ್ಳಿ. ಸಾಕ್ಷಿಗೆ ಬೆದರಿಕೆ ಹಾಕುವುದೇ ಪ್ರತ್ಯೇಕ ಅಪರಾಧ.

ನಿಮ್ಮದೇ ವಕೀಲರು ಬೇಕು ಅನ್ನಿಸಿದರೆ ದುಡ್ಡಿನ ಚಿಂತೆ ಮಾಡಬೇಡಿ. ಹೆಂಗಸರಿಗೆ, ಮಕ್ಕಳಿಗೆ ಆದಾಯ ಎಷ್ಟೇ ಇರಲಿ, ಕಾನೂನು ಸೇವೆಗಳ ಪ್ರಾಧಿಕಾರ ಉಚಿತವಾಗಿ ವಕೀಲರನ್ನು ಕೊಡಬೇಕು. ಅದರ ಕಚೇರಿ ಜಿಲ್ಲಾ ಕೋರ್ಟಿನ ಆವರಣದಲ್ಲೇ ಇರುತ್ತದೆ, ಇಲ್ಲವೇ 15100ಕ್ಕೆ ಫೋನ್ ಮಾಡಿ. ನೀವು ಪರಿಶಿಷ್ಟ ಜಾತಿ ಅಥವಾ ಪಂಗಡದವರಾಗಿದ್ದು ದೌರ್ಜನ್ಯ ತಡೆ ಕಾಯ್ದೆಯೂ ಹಾಕಿದ್ದರೆ, ನಿಮಗೆ ನೋಟಿಸ್ ಕೊಡದೆ, ನಿಮ್ಮ ಮಾತು ಕೇಳದೆ ಬೇಲ್ ಕೊಡೋ ಹಾಗೇ ಇಲ್ಲ. ಆ ಕಾಯ್ದೆಯ 15ಎ ಕಲಂ ಅದನ್ನು ಸ್ಪಷ್ಟವಾಗಿ ಹೇಳುತ್ತದೆ.

ಇನ್ನೊಂದು ವಿಷಯ. ಈ ಸಲ ವಜಾ ಆದರೂ ಅರ್ಜಿ ಮತ್ತೆ ಬರುತ್ತದೆ. ಪರಿಸ್ಥಿತಿ ಬದಲಾಗಿದೆ ಅಂತ ಇದೇ ಕೋರ್ಟಿಗೆ ಬರಬಹುದು, ಹೈಕೋರ್ಟಿಗೂ ಹೋಗಬಹುದು. ನಿಮ್ಮ ಜಿಲ್ಲೆ ಯಾವುದು ಅನ್ನೋದರ ಮೇಲೆ ಅದು ಬೆಂಗಳೂರಾಗಬಹುದು, ಧಾರವಾಡ ಆಗಬಹುದು, ಕಲಬುರಗಿ ಆಗಬಹುದು. ಕೇಸಿನ ಸಿಎನ್‌ಆರ್ ನಂಬರನ್ನು (ಪ್ರತಿ ಕೇಸಿಗೂ ಕೋರ್ಟು ಕೊಡುವ ಪ್ರತ್ಯೇಕ ನಂಬರು) ಫೋನಿನಲ್ಲಿ ಬರೆದಿಟ್ಟುಕೊಳ್ಳಿ. ಆ ತಾಯಿಯ ಕೇಸಿನಲ್ಲೂ ಹೀಗೇ ಆಯಿತು. ಹುಡುಗಿಯ ಸಾಕ್ಷಿ ಮುಗಿದ ಮೇಲೆ ಅವನು ಮತ್ತೆ ಅರ್ಜಿ ಹಾಕಿದ. ಬೇಲ್ ಸಿಕ್ಕಿತು, ಆದರೆ ತೀರ್ಪು ಬರುವ ತನಕ ಆ ತಾಲ್ಲೂಕಿಗೆ ಕಾಲಿಡಬಾರದು ಅನ್ನುವ ಷರತ್ತಿನ ಮೇಲೆ. ಆ ಷರತ್ತು ಬಂದಿದ್ದು ನಲ್ಲಿಯ ಮಾತಿನಿಂದಲೇ.

ಪ್ರಶ್ನೆ: ಅಕ್ಕ, ನನ್ನ ಮೇಲೆ ಅತ್ಯಾಚಾರ ಮಾಡಿದವನಿಗೆ ಸರಿಯಾಗಿ ಮೂರು ತಿಂಗಳು ಆಗುತ್ತಿದ್ದ ಹಾಗೆ ಬೇಲ್ ಸಿಕ್ಕಿತು. ನನಗೆ ಯಾರೂ ಹೇಳಲಿಲ್ಲ. ಬಸ್ ಸ್ಟ್ಯಾಂಡಿನಲ್ಲಿ ಅವನನ್ನು ನೋಡಿದಾಗಲೇ ಗೊತ್ತಾಗಿದ್ದು. ಕೈಕಾಲು ನಡುಗಿ ಅಲ್ಲೇ ಕೂತುಬಿಟ್ಟೆ. ಜಡ್ಜ್ ಅವನನ್ನೇ ನಂಬಿದರು ಅಂತ ತಾನೇ ಇದರ ಅರ್ಥ?

ಉತ್ತರ: ಅಲ್ಲ ತಂಗಿ, ಖಂಡಿತ ಅಲ್ಲ. ನಿಮ್ಮ ಪತ್ರದಲ್ಲಿ "ಸರಿಯಾಗಿ ಮೂರು ತಿಂಗಳು" ಅಂದಿದ್ದು ನೋಡಿದ ಕೂಡಲೇ ನನಗೆ ಅನುಮಾನ ಬಂತು. ಆಮೇಲೆ ನೀವು ಕಳಿಸಿದ ಆದೇಶದ ಪ್ರತಿ ಓದಿದೆ. ಅದು ಅದೇ. ಪೊಲೀಸರು 90 ದಿನದೊಳಗೆ ಚಾರ್ಜ್‌ಶೀಟ್ ಹಾಕಿಲ್ಲ.

ಹತ್ತು ವರ್ಷ ಅಥವಾ ಅದಕ್ಕಿಂತ ಜಾಸ್ತಿ ಶಿಕ್ಷೆ ಇರುವ ಅಪರಾಧದಲ್ಲಿ ಆರೋಪಿಯನ್ನು ಕೋರ್ಟು ಮೊದಲ ಸಲ ಕಸ್ಟಡಿಗೆ ಕಳಿಸಿದ, ಅಂದರೆ ರಿಮ್ಯಾಂಡ್ ಮಾಡಿದ ದಿನದಿಂದ 90 ದಿನ ಎಣಿಸುತ್ತಾರೆ. ರಿಮ್ಯಾಂಡ್ ಆದ ದಿನವೂ ಆ ಲೆಕ್ಕಕ್ಕೆ ಸೇರುತ್ತದೆ. ಅಷ್ಟರೊಳಗೆ ಚಾರ್ಜ್‌ಶೀಟ್ ಬರದೆ, ಅವನು ಅರ್ಜಿ ಹಾಕಿ, ಜಾಮೀನು ಒದಗಿಸಲು ತಯಾರಿದ್ದರೆ ಕೋರ್ಟು ಬಿಡಲೇಬೇಕು. ಆರೋಪ ಎಷ್ಟು ಗಂಭೀರ, ಸಾಕ್ಷ್ಯ ಎಷ್ಟು ಬಲವಾಗಿದೆ ಅಂತ ಆಗ ನೋಡುವ ಹಾಗೇ ಇಲ್ಲ. ಇದಕ್ಕೆ ಡಿಫಾಲ್ಟ್ ಬೇಲ್ ಅನ್ನುತ್ತಾರೆ. ತಪ್ಪಿರುವುದು ತನಿಖೆಯಲ್ಲಿ. ನಿಮ್ಮ ಮಾತಿನಲ್ಲಿ ಅಲ್ಲ. ಅತ್ಯಾಚಾರದ ಕೇಸಿನ ತನಿಖೆಯನ್ನು ಎರಡು ತಿಂಗಳೊಳಗೆ ಮುಗಿಸಬೇಕು ಅಂತ ನಾಗರಿಕ ಸುರಕ್ಷಾ ಸಂಹಿತೆಯ 193ನೇ ಕಲಂ ಹೇಳುತ್ತದೆ. ತನಿಖೆ ಎಲ್ಲಿಗೆ ಬಂತು ಅಂತ 90 ದಿನದೊಳಗೆ ನಿಮಗೆ ತಿಳಿಸಬೇಕಿತ್ತು ಕೂಡ. ಎರಡೂ ಆಗಿಲ್ಲ. ಇದನ್ನು ಓದುವಾಗ ನನಗೆ ಸಿಟ್ಟು ಬಂತು. 80ನೇ ದಿನ ಒಬ್ಬರಾದರೂ ಕ್ಯಾಲೆಂಡರ್ ನೋಡಿದ್ದರೆ ನೀವು ಬಸ್ ಸ್ಟ್ಯಾಂಡಿನಲ್ಲಿ ಹಾಗೆ ಕೂರಬೇಕಾಗಿರಲಿಲ್ಲ.

ನಿಮಗೆ ಯಾರೂ ಹೇಳಲಿಲ್ಲ ಅನ್ನೋದು ಇನ್ನೊಂದು ತಪ್ಪು. ಲೈಂಗಿಕ ಅಪರಾಧದಲ್ಲಿ ಬೇಲ್ ಕೊಟ್ಟ ಕೂಡಲೇ ನೊಂದವಳಿಗೆ ತಿಳಿಸಬೇಕು, ಎರಡು ದಿನದೊಳಗೆ ಆದೇಶದ ಪ್ರತಿ ಕೊಡಬೇಕು ಅಂತ ಸುಪ್ರೀಂ ಕೋರ್ಟು 2021ರ ಮಾರ್ಚಿನಲ್ಲಿ ಅಪರ್ಣಾ ಭಟ್ ಪ್ರಕರಣದಲ್ಲಿ ಹೇಳಿದೆ. ಇದನ್ನು ಬರೆದು ಪೊಲೀಸ್ ವರಿಷ್ಠಾಧಿಕಾರಿಗೆ ಒಂದು ಅರ್ಜಿ ಕೊಡಿ.

ಈಗ ಮುಂದೆ. ಆದೇಶದ ಕೊನೆಯ ಪುಟ ನೋಡಿ. ಒಂದು ಲಕ್ಷ ರೂಪಾಯಿಯ ಬಾಂಡು, ಅಷ್ಟೇ ಮೊತ್ತಕ್ಕೆ ಇಬ್ಬರು ಜಾಮೀನುದಾರರು, ಭಾನುವಾರ ಠಾಣೆಗೆ ಹೋಗಿ ಸಹಿ, ಸಾಕ್ಷಿಗಳ ಹತ್ತಿರ ಹೋಗಬಾರದು ಅಂತೆಲ್ಲ ಇದೆ. ಬಸ್ ಸ್ಟ್ಯಾಂಡಿನಲ್ಲಿ ಅವನು ಅಕಸ್ಮಾತ್ ಸಿಕ್ಕಿದ್ದು ಒಂದೇ ಸಲ ಆದರೆ ಅದರಿಂದ ಷರತ್ತು ಮುರಿದ ಹಾಗಾಗೋದಿಲ್ಲ. ಆದರೆ ಹಿಂಬಾಲಿಸಿದರೆ, ಮಾತಾಡಿಸಿದರೆ, ಯಾರ ಕೈಲಾದರೂ ಹೇಳಿಕಳಿಸಿದರೆ ಅವತ್ತೇ ದಿನಾಂಕ, ಹೊತ್ತು, ಜಾಗ ಬರೆದಿಟ್ಟು ದೂರು ಕೊಡಿ. ಬೇಲ್ ರದ್ದು ಮಾಡಿ ಅಂತ ನೀವೇ ಅರ್ಜಿ ಹಾಕಬಹುದು, ಸರ್ಕಾರವೇ ಹಾಕಲಿ ಅಂತ ಕಾಯಬೇಕಿಲ್ಲ. ಕೇಸಿನ ಪ್ರತಿ ಹಂತದಲ್ಲೂ ನೊಂದವರ ಮಾತು ಕೇಳಬೇಕು ಅಂತ ಸುಪ್ರೀಂ ಕೋರ್ಟು 2022ರ ಏಪ್ರಿಲ್‌ನಲ್ಲಿ ಉತ್ತರ ಪ್ರದೇಶದ ಲಖಿಂಪುರ ಖೇರಿಯ ಪ್ರಕರಣದಲ್ಲಿ ಹೇಳಿ, ಹೈಕೋರ್ಟು ಕೊಟ್ಟಿದ್ದ ಬೇಲನ್ನೇ ತೆಗೆದುಹಾಕಿತ್ತು. ಡಿಫಾಲ್ಟ್ ಬೇಲ್ ಅಂದರೆ ಮುಟ್ಟಲಾಗದ್ದು ಅಂತಲೂ ಅಲ್ಲ. ಆಮೇಲೆ ಬಂದ ಚಾರ್ಜ್‌ಶೀಟಿನಲ್ಲಿ ಬಲವಾದ ಕೇಸು ಕಂಡರೆ, ವಿಶೇಷ ಕಾರಣ ಇದ್ದರೆ ಅದನ್ನೂ ರದ್ದು ಮಾಡಬಹುದು ಅಂತ 2023ರಲ್ಲಿ ಗಂಗಿ ರೆಡ್ಡಿ ಪ್ರಕರಣದಲ್ಲಿ ತೀರ್ಪಾಗಿದೆ.

ಒಮ್ಮೆ ಕೊಟ್ಟ ಬೇಲನ್ನು ತೆಗೆಯೋದು ಸುಲಭ ಅಲ್ಲ, ಗಟ್ಟಿ ಕಾರಣ ಕೇಳುತ್ತಾರೆ. ಅದಕ್ಕೇ ಬರೆದಿಡಿ ಅಂದಿದ್ದು. ಬರೆದಿಡದ ಬೆದರಿಕೆಯನ್ನು ಆರು ತಿಂಗಳ ಮೇಲೆ ಕೋರ್ಟಿನಲ್ಲಿ ಹೇಳೋದು ತುಂಬಾ ಕಷ್ಟ.

ಪ್ರಶ್ನೆ: ನಾನು ದೂರು ಕೊಟ್ಟಿದ್ದು ಘಟನೆ ನಡೆದು 12 ದಿನದ ಮೇಲೆ. ಡಾಕ್ಟರ್ ರಿಪೋರ್ಟಿನಲ್ಲಿ ಮೈಮೇಲೆ ಗಾಯ ಇಲ್ಲ ಅಂತ ಇದೆ. ಅವನ ವಕೀಲರು ಬೇಲ್ ಅರ್ಜಿಯಲ್ಲಿ ಇದೆರಡನ್ನೂ ಬರೆದಿದ್ದಾರೆ. ನಾನು ಆ ರಾತ್ರಿ ಸ್ನೇಹಿತರ ಜೊತೆ ಹೊರಗೆ ಹೋಗಿದ್ದನ್ನೂ, ಹಾಕಿದ್ದ ಬಟ್ಟೆಯನ್ನೂ ಬರೆದಿದ್ದಾರೆ. ಇದರ ಮೇಲೆ ಬೇಲ್ ಕೊಟ್ಟುಬಿಡುತ್ತಾರಾ?

ಉತ್ತರ: ತಡವಾಗಿದ್ದು, ಗಾಯ ಇಲ್ಲದ್ದು ಇವೆರಡನ್ನೂ ಕೋರ್ಟು ಗಮನಿಸುತ್ತದೆ. ಗಮನಿಸಿದ ಮಾತ್ರಕ್ಕೆ ಬೇಲ್ ಅಂತಲ್ಲ. ಯಾಕೆ 12 ದಿನ ಆಯಿತು ಅನ್ನೋದಕ್ಕೆ ಉತ್ತರ ಇದ್ದರೆ ಅದು ನಿಮ್ಮ ಹೇಳಿಕೆಯಲ್ಲೇ ಇರಬೇಕು. ಹೆದರಿಕೆಯಾ, ಮನೆಯಲ್ಲಿ ಹೇಳಲು ಆಗಲಿಲ್ಲವಾ, ಆಸ್ಪತ್ರೆಯಲ್ಲಿದ್ದಿರಾ? ಮ್ಯಾಜಿಸ್ಟ್ರೇಟ್ ಮುಂದೆ ಕೊಟ್ಟ ಹೇಳಿಕೆಯಲ್ಲಿ ಅದನ್ನು ಹೇಳಿದ್ದೀರಾ ನೋಡಿ. ಗಾಯದ ವಿಷಯಕ್ಕೆ ಕಾನೂನಿನಲ್ಲೇ ಉತ್ತರ ಇದೆ. ಮೈಯಿಂದ ವಿರೋಧಿಸಲಿಲ್ಲ ಅನ್ನುವುದೊಂದರಿಂದಲೇ ಒಪ್ಪಿಗೆ ಇತ್ತು ಅಂತ ತಿಳಿಯಬಾರದು ಅಂತ ನ್ಯಾಯ ಸಂಹಿತೆಯ 63ನೇ ಕಲಂನ ವಿವರಣೆ ಹೇಳುತ್ತದೆ. 12 ದಿನದ ಮೇಲೆ ನಡೆದ ಪರೀಕ್ಷೆಯಲ್ಲಿ ಗಾಯ ಕಾಣದಿದ್ದರೆ ಅದರಲ್ಲಿ ಆಶ್ಚರ್ಯ ಏನಿದೆ?

ಬಟ್ಟೆ, ರಾತ್ರಿ, ಸ್ನೇಹಿತರು. ಇವು ಬೇಲ್ ಆದೇಶದಲ್ಲಿ ಬರಲೇಬಾರದ ಮಾತುಗಳು. 2020ರಲ್ಲಿ ನಮ್ಮದೇ ಹೈಕೋರ್ಟಿನ ಒಂದು ನಿರೀಕ್ಷಣಾ ಜಾಮೀನಿನ ಆದೇಶದಲ್ಲಿ, ಘಟನೆಯಾದ ಮೇಲೆ ಸುಸ್ತಾಗಿ ನಿದ್ದೆ ಬಂತು ಅಂತ ಆಕೆ ಹೇಳಿದ್ದು ಭಾರತೀಯ ಹೆಣ್ಣಿಗೆ ತಕ್ಕದ್ದಲ್ಲ ಅನ್ನುವ ಅರ್ಥದ ಒಂದು ಸಾಲಿತ್ತು. ದೊಡ್ಡ ಗದ್ದಲ ಆಯಿತು. ಕೆಲವೇ ದಿನದಲ್ಲಿ ಆ ಸಾಲನ್ನು ತೆಗೆದುಹಾಕಲಾಯಿತು. ಅದೇ ವರ್ಷ ಮಧ್ಯಪ್ರದೇಶ ಹೈಕೋರ್ಟಿನ ಇಂದೋರ್ ಪೀಠ, ಪಕ್ಕದ ಮನೆಯ ಹೆಣ್ಣುಮಗಳ ಮಾನಕ್ಕೆ ಕೈಹಾಕಿದ ಆರೋಪಿಗೆ ಬೇಲ್ ಕೊಡುವಾಗ, ರಕ್ಷಾ ಬಂಧನದ ದಿನ ಸಿಹಿ ತೆಗೆದುಕೊಂಡು ಆಕೆಯ ಮನೆಗೇ ಹೋಗಿ ರಾಖಿ ಕಟ್ಟಿಸಿಕೊಂಡು 11,000 ರೂಪಾಯಿ ಕೊಡು ಅಂತ ಷರತ್ತು ಹಾಕಿತ್ತು. ಯಾರನ್ನು ನೆನೆದರೆ ಹೆದರಿಕೆಯಾಗುತ್ತದೋ ಅವನೇ ಹಬ್ಬದ ದಿನ ಬಾಗಿಲಿಗೆ ಬಂದು ನಿಲ್ಲೋದು! ಒಂಬತ್ತು ಜನ ಮಹಿಳಾ ವಕೀಲರು ಅದರ ವಿರುದ್ಧ ಸುಪ್ರೀಂ ಕೋರ್ಟಿಗೆ ಹೋದರು. ನಾನು ಮೇಲೆ ಹೇಳಿದ ಅಪರ್ಣಾ ಭಟ್ ತೀರ್ಪು ಬಂದಿದ್ದು ಹಾಗೆ. ಬೇಲ್ ಷರತ್ತಿನಿಂದ ಆರೋಪಿ ಮತ್ತು ನೊಂದವಳು ಮುಖಾಮುಖಿ ಆಗುವ ಹಾಗಿರಬಾರದು. ಅವಳ ಬಟ್ಟೆ, ನಡತೆ, ಹಳೆಯ ಜೀವನದ ಬಗ್ಗೆ ಆದೇಶದಲ್ಲಿ ಚರ್ಚೆ ಇರಬಾರದು. ರಾಜಿ ಮಾಡಿಕೊಳ್ಳಿ, ಮದುವೆಯಾಗಿ ಅಂತ ಕೋರ್ಟು ಸೂಚಿಸಲೂ ಬಾರದು. ನಿಮ್ಮ ಸರ್ಕಾರಿ ವಕೀಲರಿಗೆ ಆ ತೀರ್ಪಿನ ಹೆಸರು ಹೇಳಿ, ಆಕ್ಷೇಪಣೆಯಲ್ಲಿ ಸೇರಿಸಲು ಕೇಳಿ.

ಪ್ರಶ್ನೆ: ಮೇಡಂ, ನಾನು ಆರೋಪಿಯ ತಮ್ಮ. ನನ್ನಂಥವರ ಪತ್ರಕ್ಕೂ ಉತ್ತರ ಕೊಡುತ್ತೀರಾ ಗೊತ್ತಿಲ್ಲ. ಅಣ್ಣ ಮತ್ತು ಆ ಹುಡುಗಿ ಮೂರು ವರ್ಷ ಪ್ರೀತಿಸುತ್ತಿದ್ದರು. ಮದುವೆಗೆ ನಮ್ಮ ಮನೆಯಲ್ಲಿ ಒಪ್ಪಲಿಲ್ಲ. ಈಗ ಮದುವೆಯಾಗುತ್ತೇನೆಂದು ನಂಬಿಸಿ ಅತ್ಯಾಚಾರ ಅಂತ ಕೇಸಾಗಿದೆ. ನಾಲ್ಕು ತಿಂಗಳಿಂದ ಜೈಲಿನಲ್ಲಿದ್ದಾನೆ. ಚಾರ್ಜ್‌ಶೀಟ್ ಆಗಿದೆ, ಸೆಷನ್ಸ್ ಕೋರ್ಟ್ ಬೇಲ್ ಕೊಡಲಿಲ್ಲ. ಊರಿನ ಹಿರಿಯರು "ಹುಡುಗಿ ಮನೆಗೆ ಹೋಗಿ ಮಾತಾಡೋಣ" ಅನ್ನುತ್ತಿದ್ದಾರೆ.

ಉತ್ತರ: ಕೊಡುತ್ತೇನೆ. ತೀರ್ಪು ಬರುವ ತನಕ ನಿಮ್ಮ ಅಣ್ಣ ಆರೋಪಿ, ಅಪರಾಧಿ ಅಲ್ಲ. ಶಿಕ್ಷೆಗಿಂತ ಮೊದಲೇ ಶಿಕ್ಷೆ ಅನುಭವಿಸುವ ಹಾಗಾಗಬಾರದು ಅನ್ನೋದು ಜಾಮೀನಿನ ಮೂಲ ಉದ್ದೇಶ. ನಾನು ಈ ವೃತ್ತಿಯಲ್ಲಿ ಎರಡೂ ಕಡೆ ನಿಂತಿದ್ದೇನೆ. ಜೈಲಿನ ಗೇಟಿನ ಹೊರಗೆ ಊಟದ ಡಬ್ಬಿ ಹಿಡಿದು ನಿಂತ ತಾಯಂದಿರನ್ನೂ ನೋಡಿದ್ದೇನೆ.

ಮೊದಲು ನಿಮ್ಮ ಕೊನೆಯ ಸಾಲಿಗೆ ಬರುತ್ತೇನೆ. ಆ ಹುಡುಗಿಯ ಮನೆಗೆ ಹೋಗಬೇಡಿ. ನೀವೂ ಬೇಡ, ಹಿರಿಯರೂ ಬೇಡ, ಫೋನೂ ಬೇಡ. ನಿಮ್ಮ ಮನಸ್ಸಿನಲ್ಲಿ ಅದು ಮಾತುಕತೆ. ಹತ್ತು ಜನ ಗಂಡಸರು ಬಾಗಿಲಿಗೆ ಬಂದು ನಿಂತರೆ ಆ ಮನೆಯವರಿಗೆ ಅದು ಬೆದರಿಕೆ. ಕೋರ್ಟಿಗೂ ಹಾಗೇ ಕಾಣುತ್ತದೆ. "ಆರೋಪಿಯ ಕಡೆಯವರು ಸಾಕ್ಷಿಯ ಮೇಲೆ ಒತ್ತಡ ತರುತ್ತಿದ್ದಾರೆ" ಅನ್ನುವ ಒಂದು ಸಾಲು ಆಕ್ಷೇಪಣೆಯಲ್ಲಿ ಸೇರಿದರೆ ಹೈಕೋರ್ಟಿನಲ್ಲಿ ಸಿಗಬಹುದಾದ ಬೇಲೂ ಸಿಗೋದಿಲ್ಲ. ಕೇಸು ಹೇಗಿದ್ದರೂ ಆಕೆಯನ್ನು ಅವಳ ಪಾಡಿಗೆ ಬಿಡೋದು ನಿಮ್ಮ ಮನೆಯವರ ಕರ್ತವ್ಯ. ಅವಳ ಫೋಟೊ, ಮೆಸೇಜು ಯಾರಿಗೂ ತೋರಿಸಬೇಡಿ. ಅಳಿಸಲೂ ಬೇಡಿ. ಫೋನ್ ಹೇಗಿದೆಯೋ ಹಾಗೇ ವಕೀಲರಿಗೆ ತಿಳಿಸಿ.

ಈಗ ಕಾನೂನಿನ ಮಾತು. ಮಾತು ಕೊಟ್ಟು ಆಮೇಲೆ ಉಳಿಸಿಕೊಳ್ಳಲು ಆಗದೇ ಹೋಗೋದು ಬೇರೆ, ಮೊದಲಿನಿಂದಲೂ ಮದುವೆಯಾಗುವ ಮನಸ್ಸೇ ಇಲ್ಲದೆ ಸುಳ್ಳು ಹೇಳಿದ್ದು ಬೇರೆ. ಈ ವ್ಯತ್ಯಾಸವನ್ನು ಸುಪ್ರೀಂ ಕೋರ್ಟು 2019ರಲ್ಲಿ ಪ್ರಮೋದ್ ಪವಾರ್ ಪ್ರಕರಣದಲ್ಲಿ ಬಿಡಿಸಿ ಹೇಳಿದೆ. ಮಾತು ಕೊಟ್ಟಾಗಲೇ ಅದು ಸುಳ್ಳಾಗಿರಬೇಕು, ಅವಳು ಒಪ್ಪಿದ್ದು ಆ ಸುಳ್ಳನ್ನು ನಂಬಿಯೇ ಆಗಿರಬೇಕು. 2024ರ ಜುಲೈ 1ರಿಂದ ಇಂಥ ಮೋಸಕ್ಕೆ ನ್ಯಾಯ ಸಂಹಿತೆಯಲ್ಲಿ 69ನೇ ಕಲಂ ಅಂತ ಪ್ರತ್ಯೇಕ ಅಪರಾಧವೇ ಬಂದಿದೆ, ಹತ್ತು ವರ್ಷದ ತನಕ ಶಿಕ್ಷೆ. ನಿಮ್ಮ ಅಣ್ಣನ ಮೇಲೆ ಹಾಕಿರುವುದು ಯಾವ ಕಲಂ ಅಂತ ಎಫ್‌ಐಆರ್‌ನಲ್ಲೂ ಚಾರ್ಜ್‌ಶೀಟಿನಲ್ಲೂ ನೋಡಿ. ಇಬ್ಬರೂ ವಯಸ್ಕರು, ಮೂರು ವರ್ಷದ ಒಡನಾಟ, ಎರಡೂ ಮನೆಗೆ ಗೊತ್ತಿತ್ತು, ಮದುವೆ ಮಾತುಕತೆ ನಿಜವಾಗಿ ನಡೆದಿತ್ತು. ಇವು ಬೇಲ್ ಹಂತದಲ್ಲಿ ತೂಕ ಇರುವ ಸಂಗತಿಗಳು. ಆದರೆ ಹುಡುಗಿಗೆ ಆಗ 18 ತುಂಬಿರಲಿಲ್ಲ ಅಂದರೆ ಲೆಕ್ಕವೇ ಬೇರೆ. ಅವಳ ಒಪ್ಪಿಗೆಗೆ ಕಾನೂನಿನಲ್ಲಿ ಬೆಲೆ ಇಲ್ಲ.

ಹೈಕೋರ್ಟಿಗೆ ಹೋಗಿ, ತಡ ಮಾಡಬೇಡಿ. ಚಾರ್ಜ್‌ಶೀಟ್ ಆಗಿದೆ ಅಂದರೆ ತನಿಖೆಗಾಗಿ ಅವನನ್ನು ಒಳಗಿಡುವ ಅಗತ್ಯ ಕಡಿಮೆ. ಇದು ನಿಮ್ಮ ವಕೀಲರು ಹೇಳಬೇಕಾದ ಮುಖ್ಯ ಮಾತು. ವಿಚಾರಣೆ ಶುರುವಾಗಿ ಸಾಕ್ಷಿಗಳನ್ನು ಕರೆಯಲು ತೊಡಗಿದ ಮೇಲೆ ಬೇಲ್ ಕಷ್ಟ. ಅತ್ಯಾಚಾರ, ಕೊಲೆಯಂಥ ಕೇಸುಗಳಲ್ಲಿ ಸಾಕ್ಷ್ಯ ನಡೆಯುತ್ತಿರುವಾಗ, ಹೇಳಿಕೆಯಲ್ಲಿ ಅಲ್ಲೊಂದು ಇಲ್ಲೊಂದು ವ್ಯತ್ಯಾಸ ಇದೆ ಅಂತ ಬೇಲ್ ಕೊಡಬೇಡಿ ಅಂತ ಸುಪ್ರೀಂ ಕೋರ್ಟು 2024ರ ನವೆಂಬರಿನಲ್ಲಿ ಕೋರ್ಟುಗಳಿಗೆ ಹೇಳಿದೆ. ಆದರೆ ವಿಚಾರಣೆಯೇ ವರ್ಷಗಟ್ಟಲೆ ನಡೆಯದೆ ನಿಂತರೆ, ಆ ತಡವೇ ಬೇಲಿಗೆ ಕಾರಣ ಆಗಬಹುದು. ಜೈಲಿನಲ್ಲಿರುವವರಿಗೂ ಉಚಿತ ವಕೀಲರು ಸಿಗುತ್ತಾರೆ, ಅದೇ ಪ್ರಾಧಿಕಾರದಿಂದ.

ಪ್ರಶ್ನೆ: ದೊಡ್ಡ ಮನುಷ್ಯರಾದರೆ ಬೇಲ್ ಬೇಗ ಸಿಗುತ್ತದೆ ಅಲ್ವಾ?

ಉತ್ತರ: ಕಾನೂನಿನ ಪ್ರಕಾರ ತಿರುಗಾಮುರುಗಾ ಇರಬೇಕು. ಆರೋಪಿಯ ಸ್ಥಾನ, ಪ್ರಭಾವ ದೊಡ್ಡದಾದಷ್ಟೂ ಸಾಕ್ಷಿ ಹೆದರುವ ಅಪಾಯ ಜಾಸ್ತಿ. ಹಾಸನದ ಆಗಿನ ಸಂಸದ ಪ್ರಜ್ವಲ್ ರೇವಣ್ಣ 2024ರ ಮೇ 31ರಂದು ಅರೆಸ್ಟ್ ಆದರು. ಅಕ್ಟೋಬರಿನಲ್ಲಿ ಹೈಕೋರ್ಟು, ನವೆಂಬರಿನಲ್ಲಿ ಸುಪ್ರೀಂ ಕೋರ್ಟು ಬೇಲ್ ನಿರಾಕರಿಸಿದವು. ಅವರು ಒಳಗಿದ್ದಾಗಲೇ ವಿಚಾರಣೆ ನಡೆದು, ಮನೆಕೆಲಸದ ಹೆಣ್ಣುಮಗಳು ಕೊಟ್ಟ ಕೇಸಿನಲ್ಲಿ 2025ರ ಆಗಸ್ಟ್ 2ರಂದು ಜೀವಾವಧಿ ಶಿಕ್ಷೆ ಆಯಿತು. ಅದರ ಮೇಲೆ ಅವರು ಹೈಕೋರ್ಟಿಗೆ ಮೇಲ್ಮನವಿ ಹಾಕಿದ್ದಾರೆ. ಅಷ್ಟು ಬೇಗ ಆ ವಿಚಾರಣೆ ಮುಗಿಯಿತಲ್ಲ, ಎಲ್ಲರ ಕೇಸೂ ಹಾಗೇ ನಡೆಯಬೇಕು ಅನ್ನೋದು ನನ್ನ ಆಸೆ. ಈ ಬೇಲ್ ಜಗಳದಲ್ಲಿ ಅರ್ಧ ವಿಚಾರಣೆಯ ತಡದಿಂದಲೇ ಹುಟ್ಟುವುದು.

ಪ್ರಶ್ನೆ: ನಮ್ಮ ಯಜಮಾನರ ದೂರದ ನೆಂಟನೊಬ್ಬನಿಗೆ ಇಂಥ ಕೇಸಿನಲ್ಲಿ ಬೇಲ್ ಆಗಿದೆ. ಶ್ಯೂರಿಟಿ ನಿಲ್ಲಲು ನಮ್ಮ ಎರಡು ಎಕರೆಯ ಪಹಣಿ ಕೇಳುತ್ತಿದ್ದಾರೆ. ಬರೀ ಸಹಿ ಅನ್ನುತ್ತಾರೆ. ಹೌದಾ?

ಉತ್ತರ: ಬರೀ ಸಹಿ ಅಲ್ಲಮ್ಮ. ಅವನು ವಾಯಿದೆಗೆ ತಪ್ಪದೆ ಬರುತ್ತಾನೆ ಅಂತ ನೀವು ಕೋರ್ಟಿಗೆ ಮಾತು ಕೊಡುವುದು ಅದು. ಅವನು ತಪ್ಪಿಸಿಕೊಂಡರೆ ಬಾಂಡಿನ ಹಣವನ್ನು ನಿಮ್ಮಿಂದ ದಂಡದ ಹಾಗೆ ವಸೂಲಿ ಮಾಡಬಹುದು. ಬೇರೆ ಯಾರಿಗಾದರೂ ಮೊದಲೇ ಶ್ಯೂರಿಟಿ ನಿಂತಿದ್ದರೆ ಅದನ್ನೂ ಕೋರ್ಟಿಗೆ ಹೇಳಬೇಕು. ನಿಂತ ಮೇಲೂ ನಂಬಿಕೆ ಹೋದರೆ, ನನ್ನನ್ನು ಬಿಡುಗಡೆ ಮಾಡಿ ಅಂತ ಯಾವಾಗ ಬೇಕಾದರೂ ಅರ್ಜಿ ಹಾಕಬಹುದು. ಆಗ ಕೋರ್ಟು ಅವನನ್ನು ಕರೆಸಿ ಬೇರೆ ಜಾಮೀನು ಕೇಳುತ್ತದೆ.

ನಿಲ್ಲೋದು ಬಿಡೋದು ನಿಮ್ಮಿಬ್ಬರಿಗೆ ಬಿಟ್ಟಿದ್ದು. ಆದರೆ ಪಹಣಿ ಕೊಡುವ ಮೊದಲು ಬೇಲ್ ಆದೇಶದ ಪ್ರತಿ ತರಿಸಿಕೊಂಡು ಷರತ್ತುಗಳನ್ನು ಕೂತು ಓದಿ. ತಾಲ್ಲೂಕಿಗೆ ಬರಬಾರದು ಅಂತ ಇದ್ದೂ ಅವನು ನಿಮ್ಮ ಮನೆಗೇ ಬಂದು ಪಹಣಿ ಕೇಳಿದ್ದರೆ, ಕೊಡಬೇಡಿ.